ಮಗ್ಗದ ಗುಂಡಿ ಒಣಗಬಾರದೆಂದು ಬೇಡಿಕೊಂಡ ಮಳೆಗಾಲ

ಫಿನಾಯಿಲ್ ವಾಸನೆ ಮೂಗಿಗೆ ಬಡಿದರೆ ನನಗೆ ಇವತ್ತಿಗೂ ಎದೆ ಢವಢವ ಹೊಡೆದುಕೊಳ್ಳುತ್ತದೆ. ಹೋದ ವಾರ ಚಳ್ಳಕೆರೆ ಬಸ್ ಸ್ಟ್ಯಾಂಡಿನಲ್ಲಿ ಮೊಳಕಾಲ್ಮೂರಿನ ಬಸ್ಸಿಗೆ ಕಾಯುತ್ತಾ ಕೂತಿದ್ದೆ. ಶೌಚಾಲಯ ತೊಳೆಯುವ ಹೆಂಗಸು ಬಕೆಟ್ಟಿನ ಬಿಳಿ ನೀರನ್ನು ಮೆಟ್ಟಿಲ ಮೇಲೆ ಸುರುವಿದಳು. ಅಷ್ಟೇ. ನನ್ನ ಕೈ ತಾನಾಗಿಯೇ ಹಿಂದಕ್ಕೆ ಹೋಗಿ, ಸೀರೆ ಒದ್ದೆಯಾಗಿದೆಯೇನೋ ಎಂದು ಸವರಿ ನೋಡಿತು. ಪಕ್ಕದಲ್ಲಿದ್ದ ಮುದುಕಪ್ಪ ಏನೆಂದುಕೊಂಡನೋ, ಗಂಟುಮೂಟೆ ಎಳೆದುಕೊಂಡು ಆಚೆ ಸರಿದು ಕೂತ. ಥೂ ನನ್ನ, ಇಷ್ಟು ವರ್ಷವಾದರೂ ಬುದ್ಧಿ ಬರಲಿಲ್ಲವಲ್ಲ ಎಂದು ನನಗೆ ನಾನೇ ಬೈದುಕೊಂಡೆ.

ನಮ್ಮ ಸೀಮೆಯಲ್ಲಿ ಮಳೆ ಬಂದರೆ ಜನ ಕೆಲಸ ಬಿಟ್ಟು ಅಂಗಳಕ್ಕೆ ಬಂದು ನಿಲ್ಲುತ್ತಾರೆ. ಮೋಡ ಕಟ್ಟಿ ಕಟ್ಟಿ ಕೊನೆಗೆ ಆಂಧ್ರದ ಕಡೆ ಹೋಗಿಬಿಡುವುದನ್ನು ನೋಡಿ ನೋಡಿ ಸಾಕಾದವರು ನಾವು. ಆ ಒಂದು ವರ್ಷ ಮಾತ್ರ ಶ್ರಾವಣದಲ್ಲಿ ಹಿಡಿದ ಮಳೆ ಬಿಡಲೇ ಇಲ್ಲ. ಕೆಲವರು ಶೇಂಗಾ ಚೆನ್ನಾಗಿದೆ ಎಂದು ಹಿಗ್ಗಿದರು, ಕೆಲವರು ಕೊಳೆಯುತ್ತದೆ ಎಂದು ಗೊಣಗಿದರು. ನಾನೊಬ್ಬಳು ಮಾತ್ರ ಬೆಳಗ್ಗೆ ಬಾಗಿಲು ತೆಗೆದ ಕೂಡಲೇ ಮೇಲೆ ನೋಡಿ, ನಿಲ್ಲಬೇಡ ನಮ್ಮಪ್ಪಾ, ಇನ್ನೊಂದಿಷ್ಟು ದಿನ ಸುರಿ ಎಂದು ಕೈ ಮುಗಿಯುತ್ತಿದ್ದೆ. ಮಳೆ ನಿಂತರೆ ನಾನು ಸಿಕ್ಕಿಬೀಳುತ್ತಿದ್ದೆ.

ನಮ್ಮದು ಮೊಳಕಾಲ್ಮೂರಿನ ನೇಕಾರರ ಓಣಿಯಲ್ಲಿ ಹಳೆಯ ಮನೆ. ಪಡಸಾಲೆಯಲ್ಲಿ ಎರಡು ಗುಂಡಿ ಮಗ್ಗ. ಒಂದು ನಮ್ಮ ಯಜಮಾನರು ತಿಪ್ಪೇಸ್ವಾಮಿಯವರದು, ಇನ್ನೊಂದು ನನ್ನದು. ಮಕ್ಕಳು ಮೂವರೂ ಅಷ್ಟೊತ್ತಿಗೆ ಬೇರೆ ಊರು ಸೇರಿದ್ದರು. ಗುಂಡಿ ಮಗ್ಗವೆಂದರೆ ಮಣ್ಣಿನ ನೆಲದಲ್ಲಿ ಒಂದು ಗುಂಡಿ. ಅದರ ಅಂಚಿನ ಹಲಗೆಯ ಮೇಲೆ ಕೂತು ಕಾಲು ಒಳಗೆ ಇಳಿಬಿಡಬೇಕು. ಕಾಲು ಕೆಳಗಿನ ಪಟ್ಟಿಗಳನ್ನು ಒಂದಾದ ಮೇಲೊಂದು ತುಳಿಯುತ್ತಿರಬೇಕು, ಮೇಲೆ ಕೈ ಲಾಳಿ ಓಡಿಸುತ್ತಿರಬೇಕು. ನಾನು ಈ ಕೆಲಸ ಕಲಿತದ್ದು ಮದುವೆಯಾಗಿ ಬಂದ ಮೇಲೆ. ಮೊದಮೊದಲು ಎಳೆ ಹರಿದು ಬೈಸಿಕೊಂಡವಳು, ಆಮೇಲೆ ಧಾರೆ ಸೀರೆ ಎಂದರೆ ರತ್ನಮ್ಮನೇ ನೇಯಲಿ ಎಂದು ಜನ ಕೇಳಿಕೊಂಡು ಬರುವ ಹಾಗಾಗಿದ್ದೆ. ಮನೆಯಲ್ಲಿ ನನ್ನದೆಂದು ಹೇಳಿಕೊಳ್ಳಲು ಇದ್ದ ಒಂದೇ ಜಾಗ ಆ ಹಲಗೆ. ಅಲ್ಲಿ ಕೂತಾಗ ಯಾರೂ ನನ್ನನ್ನು ನೀರು ತಾ, ಒಲೆ ನೋಡು ಎಂದು ಕೂಗುತ್ತಿರಲಿಲ್ಲ.

ನಮ್ಮತ್ತೆ ನಾಗಮ್ಮನವರು ರಾಯದುರ್ಗದ ಕಡೆಯವರು. ಸಮಾಧಾನವಾಗಿದ್ದಾಗ ಕನ್ನಡ, ಸಿಟ್ಟು ಬಂದಾಗ ತೆಲುಗು. ಅವರಿಗೆ ಮಗ್ಗವೆಂದರೆ ಸಾಕ್ಷಾತ್ ಅಮ್ಮನವರು. ಬೆಳಗ್ಗೆ ಹೂವಿಟ್ಟು ಕೈಮುಗಿಯದೆ ಲಾಳಿ ಮುಟ್ಟುವಂತಿರಲಿಲ್ಲ. ಮುಟ್ಟಾದ ದಿನಗಳಲ್ಲಿ ನಾನು ಆ ಕಡೆ ಸುಳಿಯುವಂತಿರಲಿಲ್ಲ. ಅಂಥ ಮಗ್ಗದಲ್ಲಿ ಕೂತು ನಾನು ದಿನಾ ಸೀರೆಯಲ್ಲೇ ಉಚ್ಚೆ ಹೊಯ್ದುಕೊಳ್ಳುತ್ತಿದ್ದೆ. ಬೇರೆ ನಾಜೂಕಿನ ಮಾತು ನನಗೆ ಬರುವುದಿಲ್ಲ, ಇದ್ದದ್ದು ಇದ್ದ ಹಾಗೆ ಹೇಳುತ್ತಿದ್ದೇನೆ.

ಮೂರನೆಯ ಹೆರಿಗೆಯ ನಂತರ ಶುರುವಾದದ್ದು ಅದು. ಸೀನಿದರೆ ಒಂದು ಹನಿ, ಕೊಡ ಎತ್ತಿದರೆ ಒಂದು ಹನಿ. ಎಲ್ಲರಿಗೂ ಆಗುತ್ತದೇನೋ ಎಂದು ಸುಮ್ಮನಿದ್ದೆ. ಆ ವರ್ಷ ಹನಿ ಹೋಗಿ ಧಾರೆಯಾಯಿತು. ಪಟ್ಟಿ ಒತ್ತಿ ತುಳಿದಾಗಲೆಲ್ಲ ಕೆಳಗೆ ಬಿಸಿಯಾಗುತ್ತಿತ್ತು. ಹಳೆ ಸೀರೆ ಹರಿದು ಮಡಿಸಿ ಇಟ್ಟುಕೊಂಡರೆ ಒಂದು ಗೇಣು ನೇಯುವಷ್ಟರಲ್ಲಿ ನೆನೆದು ಹೋಗುತ್ತಿತ್ತು. ಎದುರಿಗೆ ಯಾರದೋ ಮನೆಯ ಮದುಮಗಳು ಉಡಬೇಕಾದ ರೇಷ್ಮೆ, ಕೆಳಗೆ ನಾನು ಹೀಗೆ. ವಾಸನೆ ಬರಬಾರದೆಂದು ಮನೆಯವರೆಲ್ಲ ಊಟಕ್ಕೆ ಎದ್ದ ಮೇಲೆ ಒಂದು ಲೋಟದಷ್ಟು ಫಿನಾಯಿಲ್ ನೀರನ್ನು ಗುಂಡಿಗೆ ಚಿಮುಕಿಸುತ್ತಿದ್ದೆ. ಕೇಳಿದರೆ, ಮಳೆಗಾಲ ಅಲ್ವಾ, ಚೇಳು ಬರ್ತಾವೆ ಎನ್ನುತ್ತಿದ್ದೆ. ಪುಣ್ಯಕ್ಕೆ ಆ ಮಳೆಗೆ ಓಣಿಯ ಎಲ್ಲರ ಮಗ್ಗದ ಗುಂಡಿಗಳೂ ಜಿನುಗುತ್ತಿದ್ದವು. ನನ್ನದು ಒದ್ದೆಯಿದ್ದರೆ ಯಾರಿಗೂ ಆಶ್ಚರ್ಯವಿರಲಿಲ್ಲ.

ನನಗೆ ಅಷ್ಟು ಹೆದರಿಕೆ ಯಾಕೆ ಎಂದರೆ, ನಮ್ಮವ್ವನನ್ನು ನಾನು ನೋಡಿದ್ದೆ. ನನ್ನ ತವರು ಬಿ.ಜಿ. ಕೆರೆ. ಅವ್ವನಿಗೂ ಇದೇ ಆಗಿತ್ತು. ವಯಸ್ಸಾಯಿತು ಎಂದರು. ನಮ್ಮತ್ತಿಗೆ ಮೊದಲು ಅವ್ವನ ಹಾಸಿಗೆ ಬೇರೆ ಮಾಡಿದಳು, ಆಮೇಲೆ ತಟ್ಟೆ ಬೇರೆ, ಆಮೇಲೆ ಹಿತ್ತಲಲ್ಲಿ ಶೇಂಗಾ ಹೊಟ್ಟು ಹಾಕುವ ತಗಡಿನ ಕೆಳಗೆ ಒಂದು ಮಂಚ. ಬೈಯಲೂ ಇಲ್ಲ, ಹೊಡೆಯಲೂ ಇಲ್ಲ. ಒಂದೊಂದೇ ಹೆಜ್ಜೆ ಆಚೆಗೆ ಸರಿಸಿದರು. ಅವ್ವ ಒದ್ದೆಯಾಗಬಾರದೆಂದು ನೀರು ಕುಡಿಯುವುದನ್ನೇ ಬಿಟ್ಟಳು. ಬೇಸಿಗೆಯಲ್ಲಿ ಜ್ವರ ಬಂದು ಉರಿಮೂತ್ರ ಹಿಡಿದು, ಆ ತಗಡಿನ ಕೆಳಗೇ ಹೋದಳು. ಮಣ್ಣು ಮಾಡಿ ಬಂದ ಮೇಲೆ ಅತ್ತಿಗೆ ಆ ಮಂಚವನ್ನು ಸುಟ್ಟಳು. ಆ ಹೊಗೆ ನೋಡುತ್ತಾ ನಿಂತವಳಿಗೆ ನನ್ನ ಒಳಲಂಗ ಒದ್ದೆಯಾದದ್ದು ತಿಳಿಯಿತು. ಅವತ್ತಿನಿಂದ ಹಿಡಿದ ನಡುಕ.

ಅಷ್ಟೆಲ್ಲ ನೋಡಿದವಳು ನಾನೂ ಅದನ್ನೇ ಮಾಡಿದೆ ನೋಡಿ. ಬೆಳಗ್ಗೆ ಒಂದು ಗುಟುಕು ಚಹಾ, ಮಧ್ಯಾಹ್ನ ಮುದ್ದೆಯ ಜೊತೆ ಒಂದಿಷ್ಟು ಸಾರು, ಅಷ್ಟೇ ನೀರು. ಒಂದು ದಿನ ಲಾಳಿ ಕೈಯಲ್ಲಿರುವಾಗಲೇ ಕಣ್ಣು ಕತ್ತಲೆ ಬಂದು ಮಗ್ಗಕ್ಕೆ ಉದ್ದಕ್ಕೆ ಬಿಗಿದ ಹಾಸಿನ ಮೇಲೆ ಬಿದ್ದೆ. ಒಂದಿಷ್ಟು ಎಳೆಗಳು ಪಟಪಟ ಹರಿದವು. ಆಗ ಜರೀನಾ ಅಲ್ಲೇ ಇದ್ದಳು. ಪಕ್ಕದ ಬೀದಿಯವಳು, ನಮಗೆ ಕಂಡಿಕೆ ಸುತ್ತಿಕೊಡುತ್ತಿದ್ದಳು, ಅಂದರೆ ಲಾಳಿಯೊಳಗೆ ಕೂರಿಸುವ ನೂಲಿನ ಕಡ್ಡಿಗಳು. ನನ್ನನ್ನು ಎತ್ತಲು ಬಂದವಳ ಕೈಗೆ ನನ್ನ ಸೀರೆ ತಾಗಿತು. ಅವಳು ಕೈ ನೋಡಿಕೊಂಡಳು, ನನ್ನ ಮುಖ ನೋಡಿದಳು.

"ಅಕ್ಕಾ, ಎಷ್ಟ್ ದಿನದಿಂದ ಇದು?"

"ಮಳೆ ನೀರು ಕಣೇ."

"ಮಳೆ ನೀರು ಬಿಸಿ ಇರ್ತೈತಾ? ನಂಗೇನ್ ತಲೆ ಕೆಟ್ಟೈತಾ?" ಎಂದಳು. ಆಮೇಲೆ ದನಿ ಇಳಿಸಿ, "ಚಳ್ಳಕೆರೆಗೆ ವಾರಕ್ಕೊಂದ್ಸಲ ಒಬ್ರು ಲೇಡಿ ಡಾಕ್ಟ್ರು ಬರ್ತಾರೆ, ಬರೀ ಇದಕ್ಕೇ. ನಮ್ ಚಿಕ್ಕಮ್ಮನ್ನ ತೋರ್ಸಿದ್ದೆ. ಬಾ, ಕಣ್ಣಿಗೆ ಅಂತ ಹೇಳಿ ಹೋಗಾಣ" ಎಂದಳು.

ಕಣ್ಣಿನ ನೆಪ ಹೇಳಿ ಹೋದೆವು. ಆ ನರ್ಸಿಂಗ್ ಹೋಮಿನ ಮೇಜಿನ ಮೇಲೆ ಮಲಗಿ ಕೆಮ್ಮಿ ಎಂದಾಗ ನಾನು ಕೆಮ್ಮಲಿಲ್ಲ. ಮೇಲಿನ ಫ್ಯಾನು ನೋಡುತ್ತಾ ಬಿಗಿಹಿಡಿದೆ. ನನ್ನ ಮಗಳ ವಯಸ್ಸಿನವರು ಆ ಡಾಕ್ಟರಮ್ಮ. ಅವರ ಕೈ ಮೇಲೆ ಆಗಿಬಿಟ್ಟರೆ? "ಆಗಲಿ ಅಂತಾನೇ ಕೆಮ್ಮಿ ಅಂತಿರೋದು ಅಮ್ಮ. ನನ್ನ ಕೆಲಸವೇ ಇದು" ಎಂದರು. ಕೆಮ್ಮಿದೆ. ಆಯಿತು. ಅವರು ಮುಖ ಸಿಂಡರಿಸಲಿಲ್ಲ. ಅಷ್ಟಕ್ಕೇ ನನಗೆ ಅಳು ಬಂದುಬಿಟ್ಟಿತು.

ಮೊದಲು ವ್ಯಾಯಾಮ ಹೇಳಿಕೊಟ್ಟರು: ಬಿಗಿಹಿಡಿಯುವುದು, ಬಿಡುವುದು. ನೀರು ಬಿಟ್ಟದ್ದಕ್ಕೆ ಚೆನ್ನಾಗಿ ಬೈದರು. ಮಗ್ಗದಲ್ಲಿ ಕೂತು ದಿನವಿಡೀ ಬಿಗಿಹಿಡಿದು ಬಿಟ್ಟೆ, ನೀರೂ ಕುಡಿದೆ. ನನಗೆ ಅದು ಸಾಲಲಿಲ್ಲ. ಮತ್ತೆ ಹೋದಾಗ ಚೀಟಿಯ ಹಿಂಬದಿಯಲ್ಲಿ ಚಿತ್ರ ಬರೆದು ತೋರಿಸಿದರು. ಮೂತ್ರ ಬರುವ ದಾರಿಯ ಬಾಯಿ ಸಡಿಲವಾಗಿದೆ, ಪೂರ್ತಿ ಮುಚ್ಚಿಕೊಳ್ಳುತ್ತಿಲ್ಲ. ಆ ದಾರಿಯ ಗೋಡೆಯೊಳಗೆ ಸೂಜಿಯಿಂದ ಒಂದು ಔಷಧಿ ತುಂಬಿದರೆ ಗೋಡೆ ಉಬ್ಬಿ ಬಾಯಿ ಕೂಡಿಕೊಳ್ಳುತ್ತದೆ. ಹೊಟ್ಟೆ ಕೊಯ್ಯಬೇಕಾಗಿಲ್ಲ, ಅವತ್ತೇ ಮನೆಗೆ ಹೋಗಬಹುದು. ಔಷಧಿಯ ಹೆಸರು ಕೊಲ್ಯಾಜೆನ್.

"ಹೆಸ್ರು ಕೇಳಿದ್ರೆ ಸಿನಿಮಾ ವಿಲನ್ ಇದ್ದಂಗೈತೆ" ಎಂದಳು ಜರೀನಾ.

"ಏನ್ರಲ್ಲಿ ಮಾಡ್ತಾರೆ ಮೇಡಂ ಅದನ್ನ?" ಎಂದು ನಾನು ಕೇಳಿದೆ. ನೂಲಿನವಳಲ್ಲವೇ, ಯಾವುದು ಯಾತರಿಂದ ಬಂತು ಎಂದು ಕೇಳದೆ ಇರಲಾರೆ.

ಅವರು ಪೆನ್ನು ಕೆಳಗಿಟ್ಟು, "ಮುಚ್ಚಿಡಲ್ಲಮ್ಮ. ದನದ ಚರ್ಮದಿಂದ ತೆಗೆದು ಶುದ್ಧ ಮಾಡಿರ್ತಾರೆ. ಬೇಡ ಅಂದ್ರೆ ಆಪರೇಷನ್ ಇದೆ, ಯೋಚನೆ ಮಾಡಿ. ಇನ್ನೊಂದು ಮಾತು, ಇದು ಶಾಶ್ವತ ಅಲ್ಲ. ಮೈ ಅದನ್ನ ನಿಧಾನಕ್ಕೆ ಕರಗಿಸಿಕೊಳ್ಳುತ್ತೆ, ಮತ್ತೆ ಹಾಕಿಸಬೇಕಾಗಬಹುದು" ಎಂದರು.

ಕೆಲವರ ಮೈಗೆ ಅದು ಆಗಿಬರುವುದಿಲ್ಲವಂತೆ. ಅದಕ್ಕೇ ಮೊದಲು ಮುಂಗೈ ಮೇಲೆ ಚರ್ಮದೊಳಗೆ ಒಂದು ಚೂರು ಹಾಕಿ ತಿಂಗಳು ಕಾಯಬೇಕು. ಕೆಂಪಾದರೆ, ಊದಿದರೆ, ಗಟ್ಟಿಯಾದರೆ, ಆ ಚಿಕಿತ್ಸೆ ನಿನಗಿಲ್ಲ. ಆಪರೇಷನ್ ಎಂದರೆ ಆಸ್ಪತ್ರೆಯಲ್ಲಿ ಮಲಗಬೇಕು, ಮನೆಯಲ್ಲಿ ಹೇಳಬೇಕು, ಎಲ್ಲ ಬಯಲಾಗಬೇಕು. ನಾನು ಕೈ ಚಾಚಿದೆ. ಈಗ ಆ ಔಷಧಿಯೇ ಬರುವುದಿಲ್ಲವಂತೆ, ಬೇರೆ ಬೇರೆ ಬಂದಿವೆಯಂತೆ. ನನಗೆ ಸಿಕ್ಕಿದ್ದು ಅದು.

ಆ ತಿಂಗಳು ನಾನು ಬದುಕಿದ್ದೆನೋ ಸತ್ತಿದ್ದೆನೋ. ಎದ್ದರೆ ಮುಂಗೈ, ಕೂತರೆ ಮುಂಗೈ. ರೊಟ್ಟಿ ತಟ್ಟುವಾಗ, ಮಗ್ಗದಲ್ಲಿ, ಬಚ್ಚಲಲ್ಲಿ, ಕೈ ತಿರುಗಿಸಿ ತಿರುಗಿಸಿ ನೋಡುವುದು. ಒಂದು ಸಂಜೆ ನೋಡಿದರೆ ಸೂಜಿ ಚುಚ್ಚಿದ ಜಾಗ ಕೆಂಪಗಾಗಿದೆ! ಮುಗಿಯಿತು, ಅವ್ವನ ಮಂಚವೇ ಗತಿ ಎಂದುಕೊಂಡು ಬಚ್ಚಲಿಗೆ ಓಡಿ ತಿಕ್ಕಿದರೆ ನೀರೂ ಕೆಂಪು. ಅವತ್ತು ಲಾಳಿಯಲ್ಲಿದ್ದದ್ದು ಅರಗಿನ ಕೆಂಪು ನೂಲು, ತಂಪಿಗೆ ಬಣ್ಣ ಬಿಟ್ಟು ಕೈಗೆ ಹತ್ತಿತ್ತು. ಬಚ್ಚಲ ಕಲ್ಲಿನ ಮೇಲೆ ಕೂತು ಒಬ್ಬಳೇ ನಕ್ಕೆ. ನಕ್ಕಿದ್ದಕ್ಕೆ ಅಲ್ಲೇ ಆಯಿತು. ಬಚ್ಚಲಾದದ್ದು ಒಳ್ಳೆಯದೇ ಆಯಿತು.

ಕೈ ಚೆನ್ನಾಗಿತ್ತು. ಮಳೆ ಮಾತ್ರ ಕೈಕೊಟ್ಟಿತು. ದಸರೆ ಹತ್ತಿರ ಬಂದಂತೆ ಬಿಸಿಲು ಬಿತ್ತು, ಅದೂ ನಮ್ಮ ಮೊಳಕಾಲ್ಮೂರಿನ ಬಿಸಿಲು. ಬಂಡೆಗಳ ಊರು, ಎರಡು ದಿನದಲ್ಲಿ ಎಲ್ಲ ಒಣಗಿ ಖಣಖಣ. ಯಜಮಾನರ ಗುಂಡಿ ಒಣಗಿ ಬಿರುಕುಬಿಟ್ಟಿತು. ಒಂದು ಮಧ್ಯಾಹ್ನ ಅವರು ಕೆಳಗೆ ಬಿದ್ದ ಕಂಡಿಕೆ ತೆಗೆಯಲು ನನ್ನ ಗುಂಡಿಗೆ ಬಗ್ಗಿದವರು ಹಾಗೆಯೇ ನಿಂತರು.

"ಏ ರತ್ನಿ, ನಿನ್ ಗುಂಡಿ ಯಾಕೆ ಒಣಗವಲ್ದು?"

"ಮಳೆ ನೀರು ಇಂಗಿರ್ಬೋದು ಕಣ್ರಿ."

"ನಂದ್ರಾಗೆ ಇಲ್ದಿದ್ದು ನಿಂದ್ರಾಗೆ ಎಲ್ಲಿಂದ ಬಂತು?" ಎಂದು ಒಂದು ಸಲಾಕೆ ತಂದು ಚುಚ್ಚಿದರು. ಸಲಾಕೆಯ ತುದಿ ಹಸಿ ಮಣ್ಣು ಹಿಡಿದು ಮೇಲೆ ಬಂತು. ಇವರು ಈಗ ಮೂಸುತ್ತಾರೆ, ಈಗ ತಿಳಿಯುತ್ತದೆ. ಆದರೆ ಅವರ ಮುಖದಲ್ಲಿ ಕಂಡದ್ದೇ ಬೇರೆ. ಕಣ್ಣು ಹೊಳೆಯುತ್ತಿದ್ದವು. "ಸೆಲೆ ಕಣೇ ಇದು! ನಮ್ ಮನಿಯಾಗೆ ನೀರಿನ ಸೆಲೆ!" ಎಂದು ಬೀದಿಗೇ ಓಡಿದರು.

ನೀವು ನಗಬಹುದು. ಬೋರ್‌ವೆಲ್ ಕೊರೆಸಿ ಕೊರೆಸಿ ಧೂಳು ಕಂಡ ಊರಿನವರಿಗೆ ಇದು ನಗುವ ವಿಷಯವಲ್ಲ. ಒಂದು ಮಾರು ಹಸಿ ನೆಲ ಕಂಡರೂ ನಮ್ಮ ಜನಕ್ಕೆ ಮೊದಲು ಹೊಳೆಯುವುದು ನೀರೇ. ಮರುದಿನ ಬೆಳಗ್ಗೆ ಓಬಣ್ಣನನ್ನು ಕರೆದುಕೊಂಡು ಬಂದರು. ಓಬಣ್ಣ ನೀರು ನೋಡುವವನು. ಅಂಗೈ ಮೇಲೆ ತೆಂಗಿನಕಾಯಿ ಮಲಗಿಸಿಕೊಂಡು ಹೊಲದಲ್ಲಿ ಓಡಾಡುತ್ತಾನೆ. ನೀರಿದ್ದ ಕಡೆ ಕಾಯಿ ಎದ್ದು ನಿಲ್ಲುತ್ತದೆ ಎಂದು ನಂಬಿಕೆ. ಅವನ ಹಿಂದೆ ಅರ್ಧ ಓಣಿಯೇ ಬಂತು. ನಾನು ಒಲೆಯ ಹತ್ತಿರ ನಿಂತು, ಏಳಬೇಡ ಕಾಯೇ, ಏಳಬೇಡ ಎಂದು ಬೇಡಿಕೊಳ್ಳುತ್ತಿದ್ದೆ. ಓಬಣ್ಣ ಕಣ್ಣು ಮುಚ್ಚಿ ಪಡಸಾಲೆಯಲ್ಲಿ ಒಂದು ಸುತ್ತು ಬಂದ. ನನ್ನ ಮಗ್ಗದ ಹತ್ತಿರ ಬರುತ್ತಿದ್ದಂತೆ ಅದು, ಹಾಳಾದ್ದು, ಸೆಟೆದು ನಿಂತಿತು.

"ಇಲ್ಲೇ ಅವ್ಳೆ ನೋಡ್ರಪ್ಪಾ ಗಂಗಮ್ಮ! ಮನೆ ಒಳಗೇ ಕುಂತವ್ಳೆ ತಾಯಿ!"

ಜನ ಹೋ ಎಂದರು. ಯಜಮಾನರು ಕೆಲಸದ ಯೋಚನೆಯಲ್ಲೇ ಇದ್ದರು. "ಈ ಮಗ್ಗ ಕಿತ್ತು ಎತ್ತಿಬಿಡಾಣ. ಗ್ವಾಡೆ ಒಡೆದ್ರೂ ಆತು, ಇಲ್ಲೇ ತೋಡ್ಸಾಣ. ಒಂದ್ ಮಗ್ಗ ಹೋದ್ರೆ ಹೋಗ್ಲಿ, ನೀರ್ ಮುಖ್ಯ" ಎಂದರು. ಒಂದು ಮಗ್ಗ ಎಂದರೆ ನನ್ನದು. ಸುಮ್ಮನಿದ್ದರೆ ಇಲ್ಲದ ನೀರಿಗಾಗಿ ನನ್ನ ಮಗ್ಗ ಕೀಳುತ್ತಾರೆ. ಬಾಯಿ ಬಿಟ್ಟರೆ ನನ್ನನ್ನೇ ಕಿತ್ತು ಹಿತ್ತಲಿಗೆ ಹಾಕುತ್ತಾರೆ.

ಅಷ್ಟರಲ್ಲಿ ಅತ್ತೆ ಸ್ನಾನ ಮಾಡಿ, ಒದ್ದೆ ತಲೆಯಲ್ಲೇ ಅರಿಶಿನ ಕುಂಕುಮದ ತಟ್ಟೆ ಹಿಡಿದು ಬಂದರು. ಊದುಬತ್ತಿ ಹಚ್ಚಿದರು. ಗುಂಡಿಗೆ ಹೂವು ಹಾಕಿದರು. "ಅಮ್ಮಾ, ತಲ್ಲೀ" ಎಂದು ತೆಲುಗಿನಲ್ಲಿ ಏನೇನೋ ಬೇಡಿಕೊಂಡರು, ಕಣ್ಣಲ್ಲಿ ನೀರು ಇಳಿಯುತ್ತಿತ್ತು. ಅಲ್ಲೆಲ್ಲ ಫಿನಾಯಿಲ್ ವಾಸನೆ ಘಂ ಎನ್ನುತ್ತಿದ್ದರೂ ಅವರಿಗೆ ಅದು ಮೂಗಿಗೆ ಹತ್ತಲಿಲ್ಲ. ಆಮೇಲೆ ಮಂಡಿಯೂರಿ, ಗುಂಡಿಯೊಳಗೆ ಕೈ ಇಳಿಸಿ, ಒಂದು ಬೆರಳು ಹಸಿ ಮಣ್ಣು ತೆಗೆದು ಹಣೆಗೆ ಒಯ್ದರು.

"ಮುಟ್ಬ್ಯಾಡ್ರಿ ಅತ್ತೇ! ಅದು ಗಂಗಮ್ಮ ಅಲ್ಲ! ನನ್ ಉಚ್ಚೆ!"

ಹಾಗೆಂದು ಕೂಗಿದ್ದು ನಾನೇ. ಅತ್ತೆಯ ಬೆರಳು ಹಣೆಯ ಹತ್ತಿರವೇ ನಿಂತಿತು. ಓಬಣ್ಣ ನನ್ನ ಕಡೆ ಒಂದು ಸಲ, ತನ್ನ ಕಾಯಿಯ ಕಡೆ ಒಂದು ಸಲ ನೋಡಿ, ಅದನ್ನು ಟವೆಲ್ಲಿನಲ್ಲಿ ಸುತ್ತಿಕೊಂಡು ಮೆಲ್ಲಗೆ ಹೊರಟುಹೋದ. ಬಾಗಿಲ ಹತ್ತಿರ ಯಾರೋ ಕಿಸಕ್ಕೆಂದು ನಕ್ಕರು. ಯಜಮಾನರು ಸಲಾಕೆ ಕೆಳಗಿಟ್ಟು ಯಾರ ಮುಖವನ್ನೂ ನೋಡದೆ ಹೊರಗೆ ಹೋದರು. ಮನೆ ಖಾಲಿಯಾದ ಮೇಲೆ ಅತ್ತೆ ಮತ್ತೆ ಸ್ನಾನಕ್ಕೆ ಹೋದರು. ಕೊಡಗಟ್ಟಲೆ ನೀರು ಸುರಿದುಕೊಳ್ಳುವ ಸದ್ದು ಕೇಳುತ್ತಿತ್ತು, ನಾನು ನಿಂತಲ್ಲೇ ನಿಂತಿದ್ದೆ.

ಬಚ್ಚಲಿನಿಂದ ಹೊರಗೆ ಬಂದ ಅತ್ತೆ ನನ್ನನ್ನು ಬೈಯಲಿಲ್ಲ. ಪಕ್ಕದ ಮನೆಯಿಂದ ಗಂಜಳ ತಂದು ಮಗ್ಗದ ಸುತ್ತ ಚಿಮುಕಿಸಿದರು. ದನದ ಉಚ್ಚೆ ಮಡಿ, ನನ್ನದು ಮೈಲಿಗೆ! ಬೇರೆ ದಿನವಾಗಿದ್ದರೆ ಹಾಗೆಂದು ಬಾಯಿ ಬಿಟ್ಟು ಹೇಳುತ್ತಿದ್ದೆನೇನೋ. ಆಮೇಲೆ ನನ್ನ ಚಾಪೆ, ದಿಂಬು ತೆಗೆದುಕೊಂಡು ಹೋಗಿ ಹಿತ್ತಲ ಬಾಗಿಲಾಚೆ, ಸೌದೆ ಇಡುವ ಶೀಟಿನ ಕೆಳಗೆ ಹಾಸಿದರು. "ಗುಣ ಆಗೋ ತನಕ ಇಲ್ಲಿರು" ಎಂದರು. ಅವ್ವನಿಗೂ ಮೊದಲು ಹಾಗೇ ಹೇಳಿದ್ದರು.

ಆ ಶೀಟಿನ ಕೆಳಗೆ ಕೂತು ನಾನು ಅತ್ತಿದ್ದು ಅಷ್ಟಿಷ್ಟಲ್ಲ. ಒಳಗೆ ಒಂದೇ ಮಗ್ಗದ ಸದ್ದು. ಊಟಕ್ಕೆ ಕರೆಯುವರೋ, ತಟ್ಟೆ ಇಲ್ಲಿಗೇ ಬರುವುದೋ ಎಂದು ಕಿವಿಯಾಗಿ ಕೂತಿದ್ದೆ. ತಟ್ಟೆ ಇಲ್ಲಿಗೇ ಬಂತು. ಯಜಮಾನರೇ ತಂದರು. ಕೆಳಗಿಟ್ಟು ಹೋಗದೆ ಸೌದೆಯ ಮೇಲೆ ಕೂತರು.

"ಯಾಕ್ ಹೇಳ್ಲಿಲ್ಲ ನೀನು?"

"ಹೇಳಿದ್ರೆ ಏನ್ ಮಾಡ್ತಿದ್ರಿ? ಈಗ ಮಾಡಿದ್ದೇ ತಾನೇ?"

ನಾನು ಮುಂಗೈ ತೋರಿಸಿ ಎಲ್ಲ ಹೇಳಿದೆ: ಚಳ್ಳಕೆರೆ, ಡಾಕ್ಟರಮ್ಮ, ಸೂಜಿ, ದನದ ಚರ್ಮ, ಎಲ್ಲ. ಹಿತ್ತಲ ಬಾಗಿಲಲ್ಲಿ ಅತ್ತೆ ನಿಂತಿದ್ದು ನನಗೆ ಗೊತ್ತಿರಲಿಲ್ಲ.

"ಏಮಿಟೀ?" ಎಂದರು ಅತ್ತೆ. ಏನಂದೆ ಎಂದು. "ಸತ್ತ ದನದ ಚರ್ಮ ಮೈಯಾಗ್ ಸೇರಿಸ್ಕಂಡು ಮಗ್ಗದ ಮುಂದೆ ಕುಂದ್ರುತ್ತಾಳಾ? ಈ ಮನೆಯಾಗೆ ನಡ್ಯಲ್ಲ."

ಹೆದರಿಕೆ ಒಂದು ಮಟ್ಟ ಮುಟ್ಟಿದ ಮೇಲೆ ಸಿಟ್ಟಾಗುತ್ತದೆ. ನಾನು ಎದ್ದು ನಿಂತೆ. "ಮಡಿ ಮಡಿ ಅಂತ ಉಡ್ತೀರಲ್ಲ ಅತ್ತೆ ರೇಷ್ಮೆ, ಅದು ಗಿಡದಾಗ್ ಬಿಡ್ತೈತಾ? ಎಷ್ಟ್ ಹುಳ ಬೇಯಿಸ್ತಾರೆ ಒಂದ್ ಸೀರೆಗೆ, ನಿಮಗ್ಗೊತ್ತಿಲ್ವಾ? ಸತ್ತ ಹುಳದ್ದು ಮೈಮೇಲೆ ಹಾಕ್ಕಂಡು ದೇವ್ರ ಮುಂದೆ ಕುಂದ್ರಬೋದು. ಸತ್ತ ದನದ್ದು ಒಂದ್ ಹನಿ ಹಾಕ್ಕಂಡು ನಾನು ನನ್ ಮಗ್ಗದಾಗೆ ಕುಂದ್ರಬಾರ್ದಾ?"

ಅತ್ತೆಗೆ ಎದುರು ಮಾತಾಡಿದ್ದು ಅದೇ ಮೊದಲು. ಕೂಗಿದ ರಭಸಕ್ಕೆ ನಿಂತಲ್ಲೇ ಆಗುತ್ತಿತ್ತು, ಆದರೂ ಕೂರಲಿಲ್ಲ. ಯಜಮಾನರು ನೆಲ ನೋಡುತ್ತಲೇ, "ಅವ್ವಾ, ಸುಮ್ನಿರು. ಮುಂದಿನ್ ವಾರ ನಾನೇ ಕರ್ಕಂಡ್ ಹೋಗ್ತೀನಿ" ಎಂದರು. ಅತ್ತೆ ಬಾಗಿಲು ಎಳೆದುಕೊಂಡು ಒಳಗೆ ಹೋದರು.

ಡಾಕ್ಟರಮ್ಮ ಮುಂಗೈಯನ್ನು ಬೆಳಕಿಗೆ ಹಿಡಿದು, ಒತ್ತಿ ನೋಡಿ, ಆಗಬಹುದು ಎಂದರು. ಆ ಕೋಣೆಯ ಥಂಡಿ ನನಗೆ ಇನ್ನೂ ನೆನಪಿದೆ. ಹಸಿರು ಬಟ್ಟೆ ಹೊದಿಸಿ, ಕಾಲು ಎರಡೂ ಕಡೆ ಎತ್ತಿ ಕಟ್ಟಿದರು. ಮರಗಟ್ಟುವ ಔಷಧಿ ಹಾಕಿದ್ದರೂ ಕೊಳವೆ ಒಳಗೆ ಹೋಗುವುದು ತಿಳಿಯುತ್ತಿತ್ತು. ಹಲ್ಲು ಕಟಕಟ ಎನ್ನುತ್ತಿದ್ದವು. "ಈಗ ಚುಚ್ಚುತ್ತೀನಿ, ಅಲುಗಬೇಡಿ" ಎಂದಾಗ ಕಣ್ಣ ಮುಂದೆ ಬಂದದ್ದು ದೇವರಲ್ಲ, ಶೇಂಗಾ ಹೊಟ್ಟಿನ ಪಕ್ಕದ ಆ ಮಂಚ. ಸುಳ್ಳು ಯಾಕೆ ಹೇಳಲಿ, ನೋವಾಯಿತು. ಉರಿ, ಒತ್ತಡ, ಮತ್ತೆ ಉರಿ. ಮುಗಿದ ಮೇಲೆ ಇನ್ನೊಂದು ಕಾಟ. ಅವರು ಹೋಗಿ ಬನ್ನಿ ಎಂದು ಶೌಚಕ್ಕೆ ಕಳಿಸಿದರೆ ಬರುವುದೇ ಇಲ್ಲ! ಇಷ್ಟು ವರ್ಷ ನಿಲ್ಲಲಿ ಎಂದು ಅತ್ತವಳು, ಅಲ್ಲಿ ಕೂತು ಬರಲಿ ಎಂದು ಕಣ್ಣೀರಿಟ್ಟೆ. ಪೂರ್ತಿ ಮುಚ್ಚಿಯೇ ಬಿಟ್ಟರೇನೋ, ಹೊಟ್ಟೆ ಒಡೆದು ಸಾಯುತ್ತೇನೇನೋ ಎಂದು ಬಾಗಿಲು ಬಡಿದು ಅವರನ್ನು ಕರೆದೆ. ಕೆಲವರಿಗೆ ಹೀಗಾಗುತ್ತೆ ಎಂದು ಸಣ್ಣ ನಳಿಕೆ ಹಾಕಿ ತೆಗೆದರು. ಸಂಜೆಯ ಹೊತ್ತಿಗೆ ತಾನಾಗಿಯೇ ಬಂತು, ಬಂದದ್ದು ನಾನು ಹೇಳಿದಾಗ ನಿಂತಿತು. ಬಸ್ಸಿನಲ್ಲಿ ಬರುವಾಗ ಪ್ರತಿ ಹಳ್ಳಕ್ಕೂ ಕುಲುಕಿದರೂ ಸೀರೆ ಒಣಗಿಯೇ ಇತ್ತು. ಯಜಮಾನರು ನನ್ನ ಕಡೆ ನೋಡಿದಾಗಲೆಲ್ಲ ನಾನು ತಲೆಯಾಡಿಸುತ್ತಿದ್ದೆ.

ಆದರೆ ನಂಬಿಕೆ ಬರಲಿಲ್ಲ. ಸೀನು ಬಂದರೆ ಮೂಗು ಹಿಡಿದುಕೊಳ್ಳುತ್ತಿದ್ದೆ. ಚಾಪೆಯೂ ಹಿತ್ತಲಿನಲ್ಲೇ ಇತ್ತು, ನಾನೂ ಒಳಗೆ ತರಲಿಲ್ಲ, ಅತ್ತೆಯೂ ತಾ ಎನ್ನಲಿಲ್ಲ. ಯಜಮಾನರು ನನ್ನ ಗುಂಡಿಯ ಮಣ್ಣು ತೆಗೆದು ಹೊಸ ಕೆಮ್ಮಣ್ಣು ಬಡಿದಿದ್ದರು. ಒಂದು ಬೆಳಗ್ಗೆ ಅವರು ನೂಲು ತರಲು ಹೋಗಿದ್ದಾಗ ಅತ್ತೆ ಹಿತ್ತಲಿಗೆ ಬಂದು, ನಡಿ ಎಂದರು. ಮಗ್ಗದ ಹತ್ತಿರ ಕರೆದುಕೊಂಡು ಹೋಗಿ, ಬೀದಿ ಬಾಗಿಲು ಹಾಕಿ ಅಗುಳಿ ಜಡಿದರು.

"ಕುಂದ್ರು."

ಕೂತೆ. ಹಲಗೆಯ ಮೇಲೆ ಕೂತು ಎಷ್ಟು ದಿನವಾಗಿತ್ತೋ, ಕಾಲು ಇಳಿಬಿಟ್ಟಾಗ ಅಳುವೇ ಬಂತು.

"ತುಳಿ. ಜೋರಾಗಿ ತುಳಿ. ಈಗ ಕೆಮ್ಮು."

ಮೆಲ್ಲಗೆ ಕೆಮ್ಮಿದೆ.

"ಅದು ಕೆಮ್ಮಾ? ಗಟ್ಟಿಯಾಗಿ!"

ಆಗಲಿದ್ದರೆ ಆಗಿಯೇ ಹೋಗಲಿ ಎಂದು ಪಕ್ಕೆ ನೋಯುವಷ್ಟು ಕೆಮ್ಮಿದೆ. ಅತ್ತೆ ಬಗ್ಗಿ, ನನ್ನ ಸೀರೆ ಸರಿಸಿ, ನಾನು ಕೂತಿದ್ದ ಹಲಗೆಯ ಮೇಲೆ ಅಂಗೈ ಇಟ್ಟು ಸವರಿದರು. ಕೈಯನ್ನು ಮೂಗಿನ ಹತ್ತಿರ ತಂದರು. ಮತ್ತೆ ಇಟ್ಟು ಸವರಿದರು. ಅವರ ಉಸಿರು ಜೋರಾಗಿ ಕೇಳುತ್ತಿತ್ತು.

"ಒಣಗೈತೆ" ಎಂದರು. ಅಲ್ಲೇ ನೆಲಕ್ಕೆ ಕುಸಿದು ಕೂತರು. ಬಾಗಿಲಿಗೆ ಅಗುಳಿ ಬಿದ್ದಿದೆಯೇ ಎಂದು ಮತ್ತೊಮ್ಮೆ ತಿರುಗಿ ನೋಡಿ, "ನಂಗೆ ನಿನ್ ಗಂಡ ಹುಟ್ಟಿದಾಗಿಂದ ಐತೆ ಕಣೇ" ಎಂದರು.

ನನಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಮೈಯೆಲ್ಲ ಉರಿದುಹೋಯಿತು. "ಗೊತ್ತಿದ್ದೂ ನನ್ನ ಹಿತ್ಲಿಗೆ ಹಾಕಿದ್ರಲ್ಲ ಅತ್ತೆ!"

"ನಿನ್ ವಾಸ್ನೆ ಹಿಡ್ಕಂಡ್ ಬಂದೋರು ನನ್ ವಾಸ್ನೆ ಹಿಡೀತಾರೆ ಅಂತ ಹೆದ್ರಿಕೆ ಆತು" ಎಂದರು. ಆ ಬಾಯಿಂದ ಹೆದರಿಕೆ ಎಂಬ ಮಾತು ಬಂದದ್ದನ್ನು ನಾನು ಕೇಳಿರಲಿಲ್ಲ. ಬೈಯಬೇಕೆಂದು ಬಾಯಿಗೆ ಬಂದದ್ದೆಲ್ಲ ಅಲ್ಲೇ ನಿಂತುಹೋಯಿತು. ಅತ್ತೆ ಸೆರಗನ್ನು ಬೆರಳಿಗೆ ಸುತ್ತಿದರು, ಬಿಚ್ಚಿದರು.

"ಆ ಸೂಜಿ ಬಾಳ ನೋಯ್ತದೇನೇ?"

"ನೋಯ್ತದೆ ಅತ್ತೆ. ಆದ್ರೆ ಮೊದ್ಲು ಹಾಕೋದು ಇಲ್ಲಿ" ಎಂದು ನನ್ನ ಮುಂಗೈ ತಿರುಗಿಸಿ ತೋರಿಸಿದೆ. "ಸೊಳ್ಳೆ ಕಡ್ದಂಗೆ ಅಷ್ಟೇ."

ಅತ್ತೆ ರವಿಕೆಯ ತೋಳು ಮೇಲೆಳೆದುಕೊಂಡರು. ಸೂಜಿ ಹಾಕುವವಳು ನಾನೇ ಏನೋ ಎಂಬಂತೆ ಕಣ್ಣು ಗಟ್ಟಿಯಾಗಿ ಮುಚ್ಚಿ, ಕೈಯನ್ನು ನನ್ನ ಮುಂದೆ ಚಾಚಿದರು.